18ನೇ ಸ್ಕ್ವಾಡ್ರನ್ 'ಫ್ಲೈಯಿಂಗ್ ಬುಲೆಟ್ಸ್': ಶ್ರೀನಗರದ ಆ ಬೆಳಗಿನ ಆಚೆಗೂ ಒಂದಿಷ್ಟು ಮಾತಾಡೋಣ

ಆಗಸದ ಹುಚ್ಚು

ಎಲ್ಲರಿಗೂ ನಮಸ್ಕಾರ. ನಮ್ಮ ವಾಯುಪಡೆಯ 18ನೇ ಸ್ಕ್ವಾಡ್ರನ್ ಬಗ್ಗೆ ಕನ್ನಡದಲ್ಲಿ ಒಂದು ಕಡೆ ಕೂತು ಮಾತಾಡಬೇಕು ಅಂತ ಬಹಳ ದಿನದಿಂದ ಆಸೆ ಇತ್ತು. ಈ ಸ್ಕ್ವಾಡ್ರನ್ ಹೆಸರು ಬಂದ ಕೂಡಲೇ ಮಾತು 1971ರ ಡಿಸೆಂಬರ್ 14ಕ್ಕೆ ಹೋಗುತ್ತದೆ. ಹೋಗಲೇಬೇಕು. ವಾಯುಪಡೆಗೆ ಇವತ್ತಿನವರೆಗೆ ಸಿಕ್ಕಿರುವ ಒಂದೇ ಒಂದು ಪರಮವೀರ ಚಕ್ರ ಈ ಸ್ಕ್ವಾಡ್ರನ್‌ನ ಫ್ಲೈಯಿಂಗ್ ಆಫೀಸರ್ ನಿರ್ಮಲ್‌ಜಿತ್ ಸಿಂಗ್ ಸೇಖೋನ್ ಅವರದು. ಆದರೆ ಆ ಕೆಲವು ನಿಮಿಷಗಳ ಹಿಂದೆ ಮುಂದೆ ಅರ್ಧ ಶತಮಾನದ ಕಥೆ ಇದೆ. ಅದನ್ನು ಯಾರೂ ಹೇಳುವುದಿಲ್ಲ.

ಮೊದಲು ಮುಖ್ಯ ವಿಷಯ. ಸ್ಕ್ವಾಡ್ರನ್ ಶುರುವಾಗಿದ್ದು 1965ರ ಏಪ್ರಿಲ್ 15ರಂದು, ಅಂಬಾಲಾದಲ್ಲಿ. ಕೈಗೆ ಸಿಕ್ಕ ವಿಮಾನ ನ್ಯಾಟ್. ಆಮೇಲೆ ಅಜೀತ್. 80ರ ದಶಕ ಮುಗಿಯುವ ಹೊತ್ತಿಗೆ ಮಿಗ್-27. 2016ರ ಏಪ್ರಿಲ್ 15ರಂದು, ಅಂದರೆ ಸರಿಯಾಗಿ ಹುಟ್ಟಿದ ದಿನವೇ, ಸ್ಕ್ವಾಡ್ರನ್ 'ನಂಬರ್ ಪ್ಲೇಟ್' ಆಯಿತು, ಅಂದರೆ ವಿಮಾನ ಇಲ್ಲದೆ ಹೆಸರು ಮಾತ್ರ ಉಳಿಯಿತು. 2020ರ ಏಪ್ರಿಲ್ 1ಕ್ಕೆ ತಮಿಳುನಾಡಿನ ಸೂಲೂರಿನಲ್ಲಿ ಮತ್ತೆ ಎದ್ದಿತು. ಈ ಸಲ ತೇಜಸ್ ಜೊತೆ.

ಈ ನಾಲ್ಕು ವಿಮಾನಗಳಲ್ಲಿ ಮೂರು ನಮ್ಮ ಬೆಂಗಳೂರಿನ ಎಚ್‌ಎಎಲ್ ಜೊತೆ ಬೆಸೆದುಕೊಂಡಿವೆ. ನ್ಯಾಟ್ ಲೈಸೆನ್ಸ್ ಮೇಲೆ ಇಲ್ಲಿ ತಯಾರಾಗುತ್ತಿತ್ತು. ಅಜೀತ್ ಇಲ್ಲೇ ಹುಟ್ಟಿತು. ತೇಜಸ್ ಕೂಡ ಇಲ್ಲಿಯದೇ. ಹಾಗಾಗಿ ಈ ಸ್ಕ್ವಾಡ್ರನ್ ಇತಿಹಾಸದಲ್ಲಿ ಪೈಲಟ್‌ಗಳ ಪಕ್ಕದಲ್ಲಿ ವಿಮಾನ ಕಟ್ಟಿದವರಿಗೂ ಜಾಗ ಇರಬೇಕು ಅನ್ನುವುದು ನನ್ನ ವಾದ. ಎಚ್‌ಎಎಲ್‌ನಲ್ಲಿ ದುಡಿದವರು, ವಾಯುಪಡೆಯಲ್ಲಿ ಇದ್ದವರು ಇಲ್ಲಿ ಇದ್ದೀರಿ ಅಂತ ಗೊತ್ತು. ದಯವಿಟ್ಟು ಬರೆಯಿರಿ.

ಹುಬ್ಬಳ್ಳಿ ಮಾಡೆಲರ್

ಛಲೋ ವಿಷಯ ತೆಗೆದಿರಿ. ನ್ಯಾಟ್ ಬಗ್ಗೆ ನಾನು ಹೇಳುತ್ತೇನೆ. ಸ್ಕೇಲ್ ಮಾಡೆಲ್ ಕಟ್ಟುವವರಿಗೆ ಈ ವಿಮಾನದ ಮೇಲೆ ವಿಶೇಷ ಪ್ರೀತಿ. ಬೇರೆ ಜೆಟ್‌ಗಳ ಜೊತೆ ಒಂದೇ ಅಳತೆಯಲ್ಲಿ ಕಟ್ಟಿ ಸಾಲಾಗಿ ಇಟ್ಟರೆ ಇದು ಮರಿಯ ಹಾಗೆ ಕಾಣುತ್ತದೆ.

ಇದನ್ನು ವಿನ್ಯಾಸ ಮಾಡಿದವರು ಇಂಗ್ಲೆಂಡಿನ ಟೆಡ್ಡಿ ಪೆಟರ್. ನಮ್ಮ ವಾಯುಪಡೆ ಹಾರಿಸಿದ ಲೈಸ್ಯಾಂಡರ್, ಕ್ಯಾನ್‌ಬೆರ್ರಾ ಎರಡೂ ಇವರ ಕೈಯವೇ. 50ರ ದಶಕದಲ್ಲಿ ಫೈಟರ್ ವಿಮಾನಗಳು ವರ್ಷ ವರ್ಷ ದೊಡ್ಡದಾಗುತ್ತಿದ್ದವು, ದುಬಾರಿಯೂ ಆಗುತ್ತಿದ್ದವು. ಪೆಟರ್ ಇದಕ್ಕೆ ಉಲ್ಟಾ ಹೋದರು. ಒಂದು ಸಣ್ಣ ಇಂಜಿನ್, ಒಬ್ಬ ಪೈಲಟ್, ಎರಡು ಗನ್. ಅದರ ಸುತ್ತ ಎಷ್ಟು ಬೇಕೋ ಅಷ್ಟೇ ಲೋಹ. ಫಾಲಂಡ್ ಕಂಪನಿಯಿಂದ ಮೊದಲು 'ಮಿಡ್ಜ್' ಅನ್ನುವ ಪ್ರಯೋಗದ ವಿಮಾನ 1954ರ ಆಗಸ್ಟ್‌ನಲ್ಲಿ ಹಾರಿತು. 1955ರ ಜುಲೈನಲ್ಲಿ ನ್ಯಾಟ್ ಹಾರಿತು.

ರೆಕ್ಕೆಯ ತುದಿಯಿಂದ ತುದಿಗೆ 7 ಮೀಟರ್ ಕೂಡ ಇಲ್ಲ. ತುಂಬಿದ ತೂಕ ಸುಮಾರು 4 ಟನ್. ಎದುರಾಳಿ ಪಾಕಿಸ್ತಾನದ ಸೇಬರ್ ಫೈಟರ್ ಸಜ್ಜಾಗಿ ನಿಂತರೆ ಇದರ ಒಂದೂವರೆ ಪಟ್ಟಿಗಿಂತ ಜಾಸ್ತಿ ತೂಗುತ್ತಿತ್ತು. ಗಾಳಿ ಒಳಗೆ ಹೋಗುವ ಇನ್‌ಟೇಕ್‌ಗಳ ಪಕ್ಕದಲ್ಲೇ, ಎಡಕ್ಕೊಂದು ಬಲಕ್ಕೊಂದು 30 ಮಿ.ಮೀ. ಏಡೆನ್ ಗನ್. ಒಂದೊಂದಕ್ಕೆ 115 ಗುಂಡು. ಆ ಗನ್ನು ಉಗುಳುವ ವೇಗದಲ್ಲಿ ಅಷ್ಟೂ ಗುಂಡು ಆರು ಸೆಕೆಂಡಿನೊಳಗೆ ಖಾಲಿ. ಅಂದರೆ ಪೈಲಟ್ ಟ್ರಿಗರ್ ಒತ್ತುವ ಮುಂಚೆ ಗುರಿ ಖಚಿತ ಇರಬೇಕು.

ಇನ್ನೊಂದು ಜಾಣತನ ನೋಡ್ರಿ. ಹಾರುವಾಗ ವೇಗ ತಗ್ಗಿಸುವ ಏರ್‌ಬ್ರೇಕ್‌ಗೆ ಅಂತ ಬೇರೆ ಪ್ಲೇಟ್ ಹಾಕಲಿಲ್ಲ. ಲ್ಯಾಂಡಿಂಗ್ ಗೇರ್ ಅನ್ನೇ ಅರ್ಧ ಇಳಿಸಿದರೆ ಅದೇ ಏರ್‌ಬ್ರೇಕ್. ಒಂದು ಭಾಗಕ್ಕೆ ಎರಡು ಕೆಲಸ.

ಬ್ರಿಟನ್ ತನ್ನ ಫೈಟರ್ ಪಡೆಗೆ ಇದನ್ನು ತಗೊಳ್ಳಲೇ ಇಲ್ಲ. ಎರಡು ಸೀಟಿನ ಟ್ರೈನರ್ ಆಗಿ ಮಾತ್ರ ಇಟ್ಟುಕೊಂಡಿತು. ಅವರ ರೆಡ್ ಆರೋಸ್ ತಂಡ ಶುರುವಿನಲ್ಲಿ ಹಾರಿಸಿದ್ದು ಅದನ್ನೇ. ಅತ್ತ ನ್ಯಾಟೋ ನಡೆಸಿದ ಹಗುರ ಫೈಟರ್ ಸ್ಪರ್ಧೆಯಲ್ಲಿ ಗೆದ್ದದ್ದು ಇಟಲಿಯ ಫಿಯಾಟ್ ಜಿ.91. ಫಿನ್ಲೆಂಡ್ ಒಂದಿಷ್ಟು ಕೊಂಡಿತು, ಅಷ್ಟೇ. ಈ ವಿಮಾನವನ್ನು ನಂಬಿ ದೊಡ್ಡ ಸಂಖ್ಯೆಯಲ್ಲಿ ಕಟ್ಟಿ, ಯುದ್ಧಕ್ಕೆ ಇಳಿಸಿದ ದೇಶ ಭಾರತ ಒಂದೇ. 1956ರಲ್ಲಿ ಲೈಸೆನ್ಸ್ ಒಪ್ಪಂದ ಆಯಿತು. ಬೆಂಗಳೂರಿನಲ್ಲಿ ವಿಮಾನವೂ ತಯಾರಾಯಿತು, ಅದರ ಆರ್ಫಿಯಸ್ ಇಂಜಿನ್ ಕೂಡ ತಯಾರಾಯಿತು.

ಮಂಜಿನ ಮಡಿಕೇರಿ

ತುಂಬಾ ಚೆನ್ನಾಗಿ ಬರೆದಿದ್ದೀರಿ. ನನಗೊಂದು ಸಂಶಯ. ನಮ್ಮ ಕೊಡಗಿನ ಸ್ಕ್ವಾಡ್ರನ್ ಲೀಡರ್ ಅಜ್ಜಮಾಡ ಬೋಪಯ್ಯ ದೇವಯ್ಯ ಕೂಡ ಇದೇ ಸ್ಕ್ವಾಡ್ರನ್‌ನವರಾ? ಮತ್ತೆ ಬೋಯ್ರಾ ಅಂತ ಒಂದು ನ್ಯಾಟ್ ಕಾಳಗ ಕೇಳಿದ್ದೇನೆ. ಅದೂ 18ನೆಯದೇನಾ?

ನಿವೃತ್ತ ಏರ್‌ಮನ್

ಎರಡೂ ಅಲ್ಲಪ್ಪ. ಈ ಗೊಂದಲ ಬಹಳ ಕಡೆ ಇದೆ, ಅದಕ್ಕೇ ಬಿಡಿಸಿ ಹೇಳುತ್ತೇನೆ.

ದೇವಯ್ಯ ಅವರು 1ನೇ ಸ್ಕ್ವಾಡ್ರನ್, 'ಟೈಗರ್ಸ್'. ಹಾರಿಸಿದ್ದು ಫ್ರೆಂಚ್ ಮಿಸ್ಟೇರ್. 1965ರ ಸೆಪ್ಟೆಂಬರ್ 7ರಂದು ಪಾಕಿಸ್ತಾನದ ಸರ್ಗೋಧಾ ವಾಯುನೆಲೆಯ ಮೇಲೆ ದಾಳಿಗೆ ಹೋದಾಗ, ತಮಗಿಂತ ಎಷ್ಟೋ ವೇಗದ ಎಫ್-104 ಸ್ಟಾರ್‌ಫೈಟರ್ ಅನ್ನು ಎದುರಿಸಿ ಹೊಡೆದು ಉರುಳಿಸಿದರು. ತಾವೂ ವಾಪಸ್ ಬರಲಿಲ್ಲ. ಏನಾಯಿತು ಅನ್ನುವುದು ನಮ್ಮ ಕಡೆಯವರಿಗೆ ವರ್ಷಗಟ್ಟಲೆ ಗೊತ್ತೇ ಇರಲಿಲ್ಲ. ಮಹಾವೀರ ಚಕ್ರ ಬಂದದ್ದು 1988ರಲ್ಲಿ, ಮರಣೋತ್ತರವಾಗಿ. ಅವರ ಬಗ್ಗೆಯೇ ಬೇರೆ ಒಂದು ಎಳೆ ಬೇಕು, ದಯವಿಟ್ಟು ನೀವೇ ಶುರು ಮಾಡಿ.

ಬೋಯ್ರಾ ಕಾಳಗ 22ನೇ ಸ್ಕ್ವಾಡ್ರನ್‌ದು. 1971ರ ನವೆಂಬರ್ 22, ಯುದ್ಧ ಘೋಷಣೆಗೆ ಮುಂಚೆ, ಪೂರ್ವ ಗಡಿಯಲ್ಲಿ. ಕೋಲ್ಕತ್ತದ ಡಮ್‌ಡಮ್‌ನಿಂದ ನಾಲ್ಕು ನ್ಯಾಟ್ ಎದ್ದು ಸೇಬರ್‌ಗಳ ಮೇಲೆ ಬಿದ್ದವು. ಮ್ಯಾಸಿ, ಗಣಪತಿ, ಲಜಾರಸ್ ಮೂವರಿಗೂ ವೀರ ಚಕ್ರ ಬಂತು. ಪ್ಯಾರಾಶೂಟ್‌ನಲ್ಲಿ ಇಳಿದು ಸೆರೆ ಸಿಕ್ಕ ಇಬ್ಬರು ಪಾಕ್ ಪೈಲಟ್‌ಗಳಲ್ಲಿ ಒಬ್ಬರಾದ ಪರ್ವೇಜ್ ಮೆಹದಿ ಕುರೇಶಿ ಮುಂದೆ ಅವರ ವಾಯುಪಡೆಯ ಮುಖ್ಯಸ್ಥರಾದರು.

1965ರಲ್ಲಿ ನ್ಯಾಟ್‌ಗೆ 'ಸೇಬರ್ ಸ್ಲೇಯರ್' ಅಂತ ಹೆಸರು ತಂದವರು 23ನೇ ಸ್ಕ್ವಾಡ್ರನ್‌ನವರು. ಸೆಪ್ಟೆಂಬರ್ 3ರಂದು ಟ್ರೆವರ್ ಕೀಲರ್, ಮರುದಿನ ಪಠಾನಿಯಾ. ಆಗ 18ನೆಯದು ಇನ್ನೂ ಐದು ತಿಂಗಳ ಕೂಸು. ಅದೇ ಯುದ್ಧದಲ್ಲಿ ನ್ಯಾಟ್‌ನ ತೊಂದರೆಗಳೂ ಬಯಲಾದವು. ಗನ್ ಜಾಮ್ ಆಗುತ್ತಿತ್ತು. ಒಂದು ನ್ಯಾಟ್ ಪಾಕಿಸ್ತಾನದ ಪಸ್ರೂರ್‌ನಲ್ಲಿ ಇಳಿದು ಅವರ ಕೈಗೇ ಸಿಕ್ಕಿತು. ಇವತ್ತಿಗೂ ಕರಾಚಿಯ ಮ್ಯೂಸಿಯಂನಲ್ಲಿದೆ.

ನೆಲದ ಮೇಲೆ ಕೆಲಸ ಮಾಡಿದವನಾಗಿ ಒಂದು ಮಾತು. ಸಣ್ಣ ವಿಮಾನದ ದೊಡ್ಡ ಅನುಕೂಲ ಏನು ಗೊತ್ತಾ? ಎಲ್ಲವೂ ಕೈಗೆ ಎಟಕುತ್ತದೆ. ದೊಡ್ಡ ಏಣಿ ಬೇಡ. ತೊಂದರೆಯೂ ಅದರಲ್ಲೇ ಇದೆ. ಒಳಗೆ ಜಾಗ ಇಲ್ಲ. ಒಂದು ಭಾಗ ಬಿಚ್ಚಬೇಕಾದರೆ ಅದರ ಮುಂದಿರುವ ಎರಡು ಭಾಗ ಬಿಚ್ಚಬೇಕು. ಚಳಿಗೆ ಬೆರಳು ಮರಗಟ್ಟಿದಾಗ ಆ ಕೆಲಸ ಹೇಗಿರುತ್ತದೆ ಅಂತ ಕಾಶ್ಮೀರದಲ್ಲಿ ಇದ್ದವರನ್ನು ಕೇಳಬೇಕು.

ಆಗಸದ ಹುಚ್ಚು

ಧನ್ಯವಾದ ಸರ್. ಕಾಶ್ಮೀರದ ಮಾತು ಬಂತಲ್ಲ, ಅಲ್ಲಿಗೇ ಹೋಗೋಣ.

ಮೊದಲ ಕಾಶ್ಮೀರ ಯುದ್ಧದ ಕದನವಿರಾಮದ ಕಾಲದ ಒಪ್ಪಂದದಂತೆ ಶ್ರೀನಗರದಲ್ಲಿ ಶಾಂತಿಕಾಲದಲ್ಲಿ ಫೈಟರ್ ವಿಮಾನ ಇಡುವಂತಿರಲಿಲ್ಲ. ಹಾಗಾಗಿ 1971ರಲ್ಲಿ ಯುದ್ಧ ಶುರುವಾಗುವಾಗ 18ನೇ ಸ್ಕ್ವಾಡ್ರನ್‌ನ ಒಂದು ತುಕಡಿ ನ್ಯಾಟ್‌ಗಳ ಜೊತೆ ಅಲ್ಲಿಗೆ ಹೋಯಿತು. ಶ್ರೀನಗರದಲ್ಲಿ ಮೊದಲು ಇಳಿದು ಕಾರ್ಯಾಚರಣೆ ಮಾಡಿದ್ದಕ್ಕೇ 'ಕಾಶ್ಮೀರ ಕಣಿವೆಯ ರಕ್ಷಕರು' ಅನ್ನುವ ಹೆಸರು ಈ ಸ್ಕ್ವಾಡ್ರನ್‌ಗೆ ಬಂದದ್ದು.

ಈಗ ಆ ಪರಿಸ್ಥಿತಿ ಸ್ವಲ್ಪ ಕಲ್ಪಿಸಿಕೊಳ್ಳಿ. ಪೈಲಟ್‌ಗಳು ಬಯಲು ಸೀಮೆಯಲ್ಲಿ ಹಾರಿ ಅಭ್ಯಾಸ ಆದವರು. ಸುತ್ತ ಬೆಟ್ಟ, ಡಿಸೆಂಬರ್ ಚಳಿ, ಸಮುದ್ರಮಟ್ಟದಿಂದ ಒಂದೂವರೆ ಕಿಲೋಮೀಟರ್‌ಗೂ ಎತ್ತರ. ಅಭ್ಯಾಸ ಮಾಡಿಕೊಳ್ಳಲು ಸಮಯವಿಲ್ಲ. ಬೆಟ್ಟಗಳ ಮರೆಯಲ್ಲಿ ಕೆಳಗೆ ಹಾರಿ ಬರುವ ವಿಮಾನ ರೇಡಾರ್‌ಗೆ ಸಿಗುವುದಿಲ್ಲ. ಬೆಟ್ಟದ ಮೇಲಿನ ವೀಕ್ಷಣಾ ಠಾಣೆಯಲ್ಲಿ ಕೂತ ಮನುಷ್ಯನ ಕಣ್ಣು, ಅವನ ಕೈಯ ವೈರ್‌ಲೆಸ್, ಇಷ್ಟೇ ಮುನ್ಸೂಚನೆ.

ಡಿಸೆಂಬರ್ 14ರ ಬೆಳಗ್ಗೆ ಪೇಶಾವರದಿಂದ ಪಾಕಿಸ್ತಾನದ 26ನೇ ಸ್ಕ್ವಾಡ್ರನ್‌ನ ಆರು ಸೇಬರ್ ಬಂದವು. ನಾಯಕ ವಿಂಗ್ ಕಮಾಂಡರ್ ಚಂಗೇಜಿ. ನಾಲ್ಕು ವಿಮಾನದಲ್ಲಿ ಬಾಂಬ್, ಎರಡು ಅವಕ್ಕೆ ಕಾವಲು. ಶ್ರೀನಗರದಲ್ಲಿ ಸಜ್ಜಾಗಿದ್ದ ಜೋಡಿ ಫ್ಲೈಟ್ ಲೆಫ್ಟಿನೆಂಟ್ ಘುಮ್ಮನ್ ಮತ್ತು ಸೇಖೋನ್. ಘುಮ್ಮನ್ ಮೊದಲು ಎದ್ದರು. ಅವರ ವಿಮಾನ ಎಬ್ಬಿಸಿದ ಧೂಳು ಸ್ವಲ್ಪ ಇಳಿಯಲಿ ಅಂತ ಹಿಂದಿನವರು ಕಾಯಬೇಕು. ಅಷ್ಟರಲ್ಲಿ ರನ್‌ವೇ ಮೇಲೆ ಬಾಂಬ್ ಬೀಳಲು ಶುರು.

ಆ ಹೊತ್ತಿಗೆ ಸೇಖೋನ್ ಟೇಕಾಫ್ ಬಿಡಬಹುದಿತ್ತು. ಬಿಟ್ಟಿದ್ದರೆ ಯಾರೂ ಬೆರಳು ತೋರಿಸುತ್ತಿರಲಿಲ್ಲ. ನೆಲದ ಮೇಲೆ ಓಡುತ್ತಿರುವ ಫೈಟರ್‌ಗೆ ವೇಗ ಇಲ್ಲ, ಎತ್ತರ ಇಲ್ಲ, ತಿರುಗಲು ಜಾಗ ಇಲ್ಲ. ಅವರು ಬಾಂಬ್ ಬೀಳುತ್ತಿರುವಾಗಲೇ ಎದ್ದರು. ಎದ್ದವರು ನೇರವಾಗಿ ಮುಂದಿದ್ದ ಎರಡು ಸೇಬರ್‌ಗಳ ಬೆನ್ನು ಹತ್ತಿದರು. ಮಂಜಿನಲ್ಲಿ ಘುಮ್ಮನ್‌ಗೆ ಇವರು ಕಾಣಿಸಲಿಲ್ಲ. ಒಂಟಿ ನ್ಯಾಟ್, ಆರು ಸೇಬರ್. ಎರಡಕ್ಕೆ ಪೆಟ್ಟು ಕೊಟ್ಟರು ಅಂತ ಪರಮವೀರ ಚಕ್ರದ ಪ್ರಶಸ್ತಿಪತ್ರ ಹೇಳುತ್ತದೆ. ಅಷ್ಟರಲ್ಲಿ ಉಳಿದವು ಸುತ್ತುವರಿದವು. ನ್ಯಾಟ್‌ಗೆ ಗುಂಡು ಬಿತ್ತು. ಪೆಟ್ಟು ಬಿತ್ತು, ಘುಮ್ಮನ್ ನೀನು ಬಂದು ಅವರನ್ನು ನೋಡ್ಕೋ ಅನ್ನುವ ಅರ್ಥದ ಮಾತು ರೇಡಿಯೋದಲ್ಲಿ ಬಂತು. ಅದೇ ಕೊನೆ. ವಿಮಾನದ ಅವಶೇಷ ಆಮೇಲೆ ಕಣಿವೆಯಲ್ಲಿ ಸಿಕ್ಕಿತು. ಅವರ ದೇಹ ಸಿಗಲಿಲ್ಲ.

ಎಲ್ಲರನ್ನೂ 'ಬ್ರದರ್' ಅಂತ ಕರೆಯುತ್ತಿದ್ದರಂತೆ. ಅದಕ್ಕೆ ಸ್ಕ್ವಾಡ್ರನ್‌ನಲ್ಲಿ ಅವರ ಹೆಸರೇ 'ಬ್ರದರ್' ಆಗಿತ್ತು. ಲೂಧಿಯಾನಾ ಹತ್ತಿರದ ಇಸ್ಸೇವಾಲ್ ಊರಿನವರು. ತಂದೆ ತರ್ಲೋಕ್ ಸಿಂಗ್ ಕೂಡ ವಾಯುಪಡೆಯವರೇ. ಮದುವೆಯಾಗಿ ಕೆಲವೇ ತಿಂಗಳಾಗಿತ್ತು.

ಮಂಜಿನ ಮಡಿಕೇರಿ

ಓದಿ ಸುಮಾರು ಹೊತ್ತು ಏನೂ ಬರೆಯಲು ಆಗಲಿಲ್ಲ. ಆದರೂ ಕೇಳುತ್ತೇನೆ. ಆ ಎರಡು ಸೇಬರ್ ಬಿದ್ದವಾ? ಕೆಲವು ಕಡೆ ಎರಡನ್ನು ಉರುಳಿಸಿದರು ಅಂತಲೇ ಬರೆದಿರುತ್ತದೆ.

ಆಗಸದ ಹುಚ್ಚು

ಪಾಕಿಸ್ತಾನದವರು ಆರೂ ವಾಪಸ್ ಬಂದವು ಅನ್ನುತ್ತಾರೆ. ನಮ್ಮ ಪ್ರಶಸ್ತಿಪತ್ರದಲ್ಲಿ ಇರುವುದು ಎರಡಕ್ಕೆ ಗುಂಡು ತಗಲಿತು ಅಂತ. 'ಉರುಳಿಸಿದರು' ಅನ್ನುವುದು ಆಮೇಲೆ ಬಾಯಿಂದ ಬಾಯಿಗೆ ಬೆಳೆದದ್ದು. 65ರ ಸೆಪ್ಟೆಂಬರ್ 3ರ ಘಟನೆಯಲ್ಲೂ ಹೀಗೇ. ಆ ಸೇಬರ್ ಕೆಟ್ಟದಾಗಿ ಪೆಟ್ಟು ತಿಂದರೂ ಮನೆ ಸೇರಿತು ಅಂತ ಅವರ ವಾದ.

ನನಗೆ ಇದರಿಂದ ಸೇಖೋನ್ ಒಂದು ಕೂದಲೆಳೆಯಷ್ಟೂ ಚಿಕ್ಕವರಾಗಿ ಕಾಣುವುದಿಲ್ಲ. ಪರಮವೀರ ಚಕ್ರವನ್ನು ಉರುಳಿಸಿದ ವಿಮಾನ ಎಣಿಸಿ ಕೊಡುವುದಿಲ್ಲ. ಬಾಂಬ್ ಬೀಳುವ ರನ್‌ವೇಯಿಂದ ಎದ್ದು ಆರು ವಿಮಾನಗಳ ನಡುವೆ ನುಗ್ಗಿದ್ದು ಎರಡೂ ಕಡೆಯವರು ಒಪ್ಪುವ ವಿಷಯ. ಅದಕ್ಕೆ ಲೆಕ್ಕ ಸೇರಿಸಿ ಅಲಂಕಾರ ಮಾಡುವ ಅಗತ್ಯವೇ ಇಲ್ಲ. 2023ರಲ್ಲಿ ಅಂಡಮಾನಿನ 21 ದ್ವೀಪಗಳಿಗೆ ಪರಮವೀರ ಚಕ್ರ ಪಡೆದವರ ಹೆಸರಿಟ್ಟಾಗ ಒಂದು ದ್ವೀಪ ಸೇಖೋನ್ ಹೆಸರಿಗೆ ಬಂತು.

ವಿಮಾನಪುರದವ

ಇಷ್ಟು ಹೊತ್ತು ಓದುತ್ತಾ ಕೂತಿದ್ದೆ. ಇನ್ನು ಅಜೀತ್ ಬಗ್ಗೆ ನಾನೇ ಬರೆಯಬೇಕು, ಇಲ್ಲದಿದ್ದರೆ ಯಾರೂ ಬರೆಯುವುದಿಲ್ಲ.

ನ್ಯಾಟ್‌ನ ಒಂದು ಕೊರತೆ ಎಲ್ಲರಿಗೂ ಗೊತ್ತಿತ್ತು. ಹೊಟ್ಟೆ ಸಣ್ಣದು, ಇಂಧನ ಹೆಚ್ಚು ಹಿಡಿಯದು. ಸ್ವಲ್ಪ ದೂರ ಹೋಗಬೇಕು ಅಂದರೆ ರೆಕ್ಕೆ ಕೆಳಗೆ ಡ್ರಾಪ್ ಟ್ಯಾಂಕ್ ತೂಗುಹಾಕಬೇಕು. ಟ್ಯಾಂಕ್ ತೂಗಿದರೆ ಬಾಂಬ್, ರಾಕೆಟ್‌ಗೆ ಜಾಗ ಇಲ್ಲ. ಎಚ್‌ಎಎಲ್ ಮಾಡಿದ ದೊಡ್ಡ ಬದಲಾವಣೆ ಅಂದರೆ ರೆಕ್ಕೆಯನ್ನೇ ಟ್ಯಾಂಕ್ ಮಾಡಿದ್ದು. ರೆಕ್ಕೆಯ ಒಳಗೆ ಬೇರೆ ಡಬ್ಬ ಇಡುವುದಲ್ಲ. ರೆಕ್ಕೆಯ ತಗಡೇ ಟ್ಯಾಂಕಿನ ಗೋಡೆ.

ಕೇಳುವುದಕ್ಕೆ ಸುಲಭ. ಆದರೆ ಒಂದು ರೆಕ್ಕೆಯಲ್ಲಿ ಎಷ್ಟು ರಿವೆಟ್ ಇರುತ್ತದೆ ಅಂತ ಯೋಚಿಸಿ. ಒಂದೊಂದು ರಿವೆಟ್ ಕೂಡ ಸೋರಬಹುದಾದ ಒಂದೊಂದು ತೂತು. ಪ್ರತಿ ಜೋಡಣೆಗೂ ಸೀಲೆಂಟ್, ಅಂದರೆ ಸೋರದಂತೆ ತಡೆಯುವ ಅಂಟು, ಬಳಿಯಬೇಕು. ಬಳಿಯುವ ಮುಂಚೆ ಜಾಗ ಒರೆಸಿ ಎಣ್ಣೆ ಜಿಡ್ಡು ತೆಗೆಯಬೇಕು. ಬೆರಳಿನ ಗುರುತು ಕೂಡ ಉಳಿಯಬಾರದು. ಸೀಲೆಂಟ್ ಕಲಸಿದ ಮೇಲೆ ಗಟ್ಟಿಯಾಗುವ ಮುಂಚೆ ಮುಗಿಸಬೇಕು. ನ್ಯಾಟ್ ರೆಕ್ಕೆ ತೆಳ್ಳಗಿನದು, ಕೈ ಒಳಗೆ ತೂರಿಸುವುದೇ ಕಷ್ಟ. ಕನ್ನಡಿ ಹಿಡಿದು, ಟಾರ್ಚ್ ಬಿಟ್ಟು ನೋಡಬೇಕು. ಒಂದು ಕಡೆ ಒದ್ದೆ ಕಂಡರೆ ಆ ಜಾಗ ಕೆರೆದು ಮೊದಲಿಂದ. ಹಿರಿಯರು ಹೇಳುತ್ತಿದ್ದದ್ದು ಒಂದೇ: 'ಸೋರಿದ್ದು ಇಲ್ಲಿ ಕಂಡರೆ ಪುಣ್ಯ, ಮೇಲೆ ಹೋಗಿ ಕಾಣಬಾರದು.'

ಟ್ಯಾಂಕ್ ರೆಕ್ಕೆಯೊಳಗೆ ಹೋದ ಮೇಲೆ ರೆಕ್ಕೆ ಕೆಳಗಿನ ಪೈಲಾನ್‌ಗಳು, ಅಂದರೆ ತೂಗುಹಾಕುವ ಜಾಗಗಳು, ಆಯುಧಕ್ಕೆ ಬಿಡುವಾದವು. ಬಾಲದ ಕಂಟ್ರೋಲ್ ಸುಧಾರಿಸಿದರು. ಇಜೆಕ್ಷನ್ ಸೀಟ್ ಮಾರ್ಟಿನ್ ಬೇಕರ್ ಆಯಿತು. ಏವಿಯಾನಿಕ್ಸ್, ಅಂದರೆ ವಿಮಾನದ ಎಲೆಕ್ಟ್ರಾನಿಕ್ಸ್, ಹೊಸದು ಬಂತು. ಪ್ರೊಟೊಟೈಪ್ 1975ರ ಮಾರ್ಚ್ 5ರಂದು ಹಾರಿತು. ಕಾರ್ಖಾನೆಯ ಮೊದಲ ವಿಮಾನ 1976ರ ಸೆಪ್ಟೆಂಬರ್‌ನಲ್ಲಿ. ಹೊಸದಾಗಿ ಕಟ್ಟಿದ್ದು 79, ಇದ್ದ ನ್ಯಾಟ್‌ಗಳನ್ನು ಬದಲಾಯಿಸಿ ಮಾಡಿದ್ದು 10. 18ನೆಯದು, 22ನೆಯದು, ಇನ್ನೂ ಕೆಲವು ಸ್ಕ್ವಾಡ್ರನ್‌ಗಳು ಅದನ್ನು ಹಾರಿಸಿದವು. 1991ರಲ್ಲಿ ವಾಯುಪಡೆಯಿಂದ ಪೂರ್ತಿ ನಿವೃತ್ತಿ.

ಯುದ್ಧ ನೋಡದ ವಿಮಾನ ಅಂತ ಯಾರೂ ಅದರ ಬಗ್ಗೆ ಬರೆಯುವುದಿಲ್ಲ. ನಮ್ಮ ಲೈನ್‌ನಿಂದ ಒಂದು ಅಜೀತ್ ಹೊರಗೆ ಹೋಗಿ ಮೊದಲ ಸಲ ರನ್‌ವೇ ಬಿಟ್ಟು ಎದ್ದಾಗ, ಕೆಲಸ ನಿಲ್ಲಿಸಿ ಎಲ್ಲರೂ ಶಬ್ದ ಕೇಳುತ್ತಿದ್ದೆವು. ನಮಗೆ ಅದು ಸಣ್ಣ ವಿಮಾನವಲ್ಲ.

ಹುಬ್ಬಳ್ಳಿ ಮಾಡೆಲರ್

ಗುರುಗಳೇ, ನಮಸ್ಕಾರ. ಇಂಥ ಮಾತು ಎಲ್ಲೂ ಓದಲು ಸಿಗುವುದಿಲ್ಲ. ಆದರೂ ಒಂದು ಭಿನ್ನಾಭಿಪ್ರಾಯ ಇಡುತ್ತೇನೆ, ಬೇಸರ ಮಾಡಿಕೊಳ್ಳಬೇಡಿ. ಅಜೀತ್ ಹತ್ತು ವರ್ಷ ತಡವಾಗಿ ಬಂತು ಅನ್ನಿಸುತ್ತದೆ. 1965ರಲ್ಲೇ ನ್ಯಾಟ್‌ನ ತೊಂದರೆಗಳ ಪಟ್ಟಿ ಕೈಯಲ್ಲಿತ್ತು. 1976ಕ್ಕೆ ಬರುವಾಗ ಮಿಗ್-21 ನೂರಾರು ಸಂಖ್ಯೆಯಲ್ಲಿ ಬಂದಾಗಿತ್ತು. ಶಬ್ದದ ವೇಗ ದಾಟುವ, ಕ್ಷಿಪಣಿ ಒಯ್ಯುವ ವಿಮಾನದ ಪಕ್ಕದಲ್ಲಿ ಗನ್ ನಂಬಿದ ಸಣ್ಣ ವಿಮಾನಕ್ಕೆ ಭವಿಷ್ಯ ಎಷ್ಟಿತ್ತು?

ವಿಮಾನಪುರದವ

ಬೇಸರ ಯಾಕೆ, ತಡ ಆಯಿತು ಅನ್ನುವುದನ್ನು ನಾನೂ ಒಪ್ಪುತ್ತೇನೆ. ಆದರೆ ಮಿಗ್-21 ಜೊತೆ ಹೋಲಿಸಬೇಡಿ. ಅಜೀತ್‌ನ ಕೆಲಸ ನೆಲದ ಸೈನ್ಯಕ್ಕೆ ಹತ್ತಿರದಿಂದ ನೆರವು ಕೊಡುವುದು. ಇನ್ನೊಂದು, ಆ ಹತ್ತು ವರ್ಷ ನಾವು ಸುಮ್ನೆ ಕೂತಿರಲಿಲ್ಲ. ಅದೇ ಕಾಂಪೌಂಡ್‌ನಲ್ಲಿ ಎಚ್‌ಎಫ್-24 ಮಾರುತ್ ನಡೆಯುತ್ತಿತ್ತು. ಕಿರಣ್ ಟ್ರೈನರ್ ನಡೆಯುತ್ತಿತ್ತು. ಇರುವ ಕೈಗಳು ಅವೇ.

ಗ್ರೂಪ್ ಕ್ಯಾಪ್ಟನ್ ಸುರಂಜನ್ ದಾಸ್ ಹೆಸರು ಬೆಂಗಳೂರಿನಲ್ಲಿ ದಿನಾ ಸಾವಿರಾರು ಜನ ಹೇಳುತ್ತಾರೆ, ರಸ್ತೆಯ ಹೆಸರಾಗಿ. ನ್ಯಾಟ್ ನಮ್ಮಲ್ಲಿಗೆ ಬರುವಾಗ ಅದನ್ನು ಪರೀಕ್ಷಿಸಿದ ಟೆಸ್ಟ್ ಪೈಲಟ್ ಅವರು. ಮಾರುತ್‌ನ ಮೊದಲ ಹಾರಾಟವೂ ಅವರದೇ. 1970ರ ಜನವರಿ 10ರಂದು ಮಾರುತ್‌ನ ಒಂದು ಪ್ರೊಟೊಟೈಪ್ ಹಾರಿಸುವಾಗ ಬೆಂಗಳೂರಿನಲ್ಲೇ ತೀರಿಕೊಂಡರು. ಸ್ಕ್ವಾಡ್ರನ್‌ಗೆ ವಿಮಾನ ತಲುಪುವ ಮುಂಚೆ ಅದರಲ್ಲಿ ಯಾರೋ ಮೊದಲು ಹಾರಿರುತ್ತಾರೆ. ಅವರನ್ನೂ ಈ ಕಥೆಯಲ್ಲಿ ಸೇರಿಸಿಕೊಳ್ಳಿ.

ನಿವೃತ್ತ ಏರ್‌ಮನ್

ಸೇರಿಸಲೇಬೇಕು. ಮಿಗ್-27 ಕಾಲವನ್ನು ನಾನು ಚಿಕ್ಕದಾಗಿ ಹೇಳಿ ಮುಗಿಸುತ್ತೇನೆ.

ಅಜೀತ್‌ನಿಂದ ಮಿಗ್-27ಗೆ ಹೋಗುವುದು ಅಂದರೆ ಸ್ಕ್ವಾಡ್ರನ್ ಪೂರ್ತಿ ಹೊಸದಾಗಿ ಕಲಿಯಬೇಕು. ಮಿಗ್-27 ಭಾರಿ ವಿಮಾನ. ಹಾರುತ್ತಲೇ ರೆಕ್ಕೆಯನ್ನು ಹಿಂದಕ್ಕೆ ಮಡಿಸುತ್ತದೆ. ಹೊಟ್ಟೆಯ ಕೆಳಗೆ ಆರು ನಳಿಗೆಯ 30 ಮಿ.ಮೀ. ಗನ್. ಅದು ಸಿಡಿದರೆ ಇಡೀ ವಿಮಾನವೇ ನಡುಗುತ್ತದೆ. ಇದು ಬೆಂಗಳೂರಿನದಲ್ಲ, ನಾಸಿಕ್ ಎಚ್‌ಎಎಲ್‌ನದು. ನಮ್ಮವರು ಇಟ್ಟ ಹೆಸರು 'ಬಹದ್ದೂರ್'. ನ್ಯಾಟ್ ಕಾಲದಲ್ಲಿ ಆಕಾಶದಲ್ಲಿ ಕಾಳಗ ಮಾಡುತ್ತಿದ್ದ ಸ್ಕ್ವಾಡ್ರನ್‌ಗೆ ಈಗ ಕೆಲಸ ನೆಲದ ಗುರಿ. ಇಂಜಿನ್ ಬೇರೆ, ಟೂಲ್ಸ್ ಬೇರೆ, ಮ್ಯಾನುಯಲ್ ಬೇರೆ, ಕೈಗೆ ಹತ್ತಿದ ಅಭ್ಯಾಸಗಳೆಲ್ಲ ಬಿಡಬೇಕು.

2015ರ ನವೆಂಬರ್‌ನಲ್ಲಿ ಸ್ಕ್ವಾಡ್ರನ್‌ಗೆ ರಾಷ್ಟ್ರಪತಿಗಳ ಧ್ವಜ ಸಿಕ್ಕಿತು. ಒಂದು ಘಟಕಕ್ಕೆ ಇದಕ್ಕಿಂತ ದೊಡ್ಡ ಗೌರವ ಇಲ್ಲ. ಅದಾಗಿ ಆರು ತಿಂಗಳೂ ಕಳೆಯುವ ಮುಂಚೆ ನಂಬರ್ ಪ್ಲೇಟ್. ಇದು ನನಗೆ ಇವತ್ತಿಗೂ ಸಂಕಟದ ವಿಷಯ. ಮಿಗ್-27 ವಯಸ್ಸಾಗಿತ್ತು, ನಿಜ. ಕೊನೆಯವೂ 2019ರ ಡಿಸೆಂಬರ್ 27ಕ್ಕೆ ಜೋಧಪುರದಲ್ಲಿ ಇಳಿದವು. ಆದರೆ ಹೊಸ ವಿಮಾನ ತಯಾರಿದ್ದಿದ್ದರೆ ನಾಲ್ಕು ವರ್ಷ ಖಾಲಿ ಬಿಡುವ ಪ್ರಸಂಗ ಬರುತ್ತಿರಲಿಲ್ಲ.

ಕೊಯಮತ್ತೂರು ಕನ್ನಡತಿ

ಅಂಕಲ್, ಈ ನಂಬರ್ ಪ್ಲೇಟ್ ವಿಷಯ ನನಗೆ ಸರಿಯಾಗಿ ಅರ್ಥ ಆಗಲಿಲ್ಲ. ವಿಮಾನ ಹೋಯಿತು, ಪೈಲಟ್‌ಗಳು ಬೇರೆ ಕಡೆ ಹೋದರು, ಊರೂ ಬದಲಾಯಿತು. ನಾಲ್ಕು ವರ್ಷ ಬಿಟ್ಟು ಸೂಲೂರಿನಲ್ಲಿ ಹೊಸಬರು, ಹೊಸ ವಿಮಾನ. ಆಮೇಲೂ ಅದು ಸೇಖೋನ್ ಅವರ ಸ್ಕ್ವಾಡ್ರನ್ ಹೇಗಾಗುತ್ತದೆ? ನಾವಿರುವುದು ಸೂಲೂರು ಕಡೆ. ತಲೆ ಮೇಲೆ ತೇಜಸ್ ಹೋಗುವಾಗಲೆಲ್ಲ ಈ ಪ್ರಶ್ನೆ ಬರುತ್ತದೆ.

ನಿವೃತ್ತ ಏರ್‌ಮನ್

ಒಳ್ಳೆ ಪ್ರಶ್ನೆ ಅಮ್ಮಾ. ಸ್ಕ್ವಾಡ್ರನ್ ಮುಚ್ಚುವುದು ಬೇರೆ, ನಂಬರ್ ಪ್ಲೇಟ್ ಮಾಡುವುದು ಬೇರೆ. ನಂಬರ್ ಪ್ಲೇಟ್ ಅಂದರೆ ಆ ಸಂಖ್ಯೆ, ಹೆಸರು, ಲಾಂಛನ, ಧ್ವಜ, ದಾಖಲೆ, ಗೌರವಗಳು ಎಲ್ಲವೂ ಅದರ ಹೆಸರಿನಲ್ಲೇ ಉಳಿಯುತ್ತವೆ. ವಿಮಾನ ಮಾತ್ರ ಇರುವುದಿಲ್ಲ. ಮುಂದೆ ವಿಮಾನ ಬಂದಾಗ ಆ ಪರಂಪರೆ ಸಮೇತ ಎಬ್ಬಿಸುತ್ತಾರೆ. ಹಾಗೆ ನೋಡಿದರೆ 1965ರ ಪೈಲಟ್ ಒಬ್ಬರೂ 1989ರಲ್ಲಿ ಸ್ಕ್ವಾಡ್ರನ್‌ನಲ್ಲಿ ಇದ್ದಿರಲಾರರು. ಜನ ಯಾವಾಗಲೂ ಬದಲಾಗುತ್ತಿರುತ್ತಾರೆ. ಹೊಸದಾಗಿ ಪೋಸ್ಟಿಂಗ್ ಬಂದ ಹುಡುಗ ಮೊದಲ ದಿನ ಕ್ರ್ಯೂ ರೂಮಿನಲ್ಲಿ ನೋಡುವುದು ಗೋಡೆ ಮೇಲಿನ ಸೇಖೋನ್ ಫೋಟೋವನ್ನು. ತನ್ನ ಸ್ಕ್ವಾಡ್ರನ್ ಯಾವುದು ಅಂತ ಅವನಿಗೆ ಅಲ್ಲೇ ಗೊತ್ತಾಗುತ್ತದೆ.

ಸ್ಕ್ವಾಡ್ರನ್ ಮತ್ತೆ ಕಾರ್ಯಾಚರಣೆಗೆ ಇಳಿದದ್ದು 2020ರ ಮೇ 27ರಂದು, ಕೊರೊನಾ ಲಾಕ್‌ಡೌನ್ ಮಧ್ಯೆ. ಬಂದಿದ್ದವರು ಆಗಿನ ವಾಯುಪಡೆ ಮುಖ್ಯಸ್ಥ ಏರ್ ಚೀಫ್ ಮಾರ್ಷಲ್ ಭದೌರಿಯಾ. ಅವರೇ ಹಿಂದೆ ತೇಜಸ್ ಯೋಜನೆಯಲ್ಲಿ ಮುಖ್ಯ ಟೆಸ್ಟ್ ಪೈಲಟ್ ಆಗಿದ್ದವರು. ಆ ದಿನ ತಾವೂ 45ನೇ ಸ್ಕ್ವಾಡ್ರನ್ ಜೊತೆ ತೇಜಸ್ ಹಾರಿಸಿದರು.

ಕೊಯಮತ್ತೂರು ಕನ್ನಡತಿ

ಈಗ ಅರ್ಥ ಆಯಿತು, ಧನ್ಯವಾದ. 45 ಮತ್ತು 18, ಎರಡಕ್ಕೂ ತೇಜಸ್ ಇದೆಯಲ್ಲ, ವ್ಯತ್ಯಾಸ ಏನು?

ಹುಬ್ಬಳ್ಳಿ ಮಾಡೆಲರ್

45ನೇ ಸ್ಕ್ವಾಡ್ರನ್ 'ಫ್ಲೈಯಿಂಗ್ ಡ್ಯಾಗರ್ಸ್' ತೇಜಸ್ ಪಡೆದ ಮೊದಲನೆಯದು. 2016ರ ಜುಲೈ 1ರಂದು ಬೆಂಗಳೂರಿನಲ್ಲೇ ಶುರುವಾಗಿ 2018ರಲ್ಲಿ ಸೂಲೂರಿಗೆ ಬಂತು. ಅವರಿಗೆ ಸಿಕ್ಕಿದ್ದು ಆರಂಭಿಕ ಮಟ್ಟದ ವಿಮಾನಗಳು. 18ಕ್ಕೆ ಸಿಕ್ಕಿದ್ದು ಎಫ್‌ಒಸಿ, ಅಂದರೆ ಅಂತಿಮ ಅನುಮತಿ ಪಡೆದ ರೂಪ. ಫೋಟೋದಲ್ಲಿ ಗುರುತಿಸುವುದು ಸುಲಭ. ಮೂಗಿನ ಬಲಗಡೆಯಿಂದ ಒಂದು ಕೊಳವೆ ಮುಂದಕ್ಕೆ ಚಾಚಿದ್ದರೆ ಅದು ಹಾರುವಾಗಲೇ ಇಂಧನ ತುಂಬಿಸಿಕೊಳ್ಳುವ ಪ್ರೋಬ್. ನಿಮ್ಮ ಮನೆ ಮೇಲೆ ಹೋಗುವಾಗ ಗಮನಿಸಿ.

ನನಗೆ ಈ ಸ್ಕ್ವಾಡ್ರನ್ ಕಥೆಯಲ್ಲಿ ಎಲ್ಲಕ್ಕಿಂತ ಕುತೂಹಲದ್ದು ಬಾಲ. ನ್ಯಾಟ್‌ನ ಅತಿ ದೊಡ್ಡ ತಲೆನೋವು ಬಾಲದ ಕಂಟ್ರೋಲ್. ಇಡೀ ಬಾಲರೆಕ್ಕೆಯೇ ಹೈಡ್ರಾಲಿಕ್ ಬಲದಿಂದ ತಿರುಗುತ್ತಿತ್ತು. ಹೈಡ್ರಾಲಿಕ್ ಕೈಕೊಟ್ಟರೆ, ವಿಮಾನವನ್ನು ಸಮವಾಗಿ ಹಿಡಿದಿಡುವ ಟ್ರಿಮ್ ತಪ್ಪಿದರೆ, ಮೂಗು ಒಮ್ಮೆಲೇ ಮೇಲಕ್ಕೋ ಕೆಳಕ್ಕೋ. ಪೈಲಟ್ ಕೈಬಲದಿಂದ ನಡೆಸುವ ವ್ಯವಸ್ಥೆಗೆ ಹಂತ ಹಂತವಾಗಿ ಬದಲಾಯಿಸಬೇಕು, ಹಂತ ತಪ್ಪಬಾರದು. ಇದರಿಂದ ಅಪಘಾತ ಆಗಿವೆ. ಅಜೀತ್‌ನಲ್ಲಿ ವಿಮಾನಪುರದ ಗುರುಗಳು ಹೇಳಿದ ಸುಧಾರಣೆ ಅದಕ್ಕೇ ಬಂದದ್ದು.

ತೇಜಸ್‌ಗೆ ಆ ಬಾಲರೆಕ್ಕೆಯೇ ಇಲ್ಲ! ತ್ರಿಕೋನದ ರೆಕ್ಕೆಯೇ ಎಲ್ಲ ಮಾಡಬೇಕು. ಜೊತೆಗೆ ಬೇಕು ಅಂತಲೇ ಅಸ್ಥಿರವಾಗಿ ವಿನ್ಯಾಸ ಮಾಡಿದ ವಿಮಾನ, ಚುರುಕಾಗಿ ತಿರುಗಲಿ ಅಂತ. ಮನುಷ್ಯನ ಕೈಯಿಂದ ಮಾತ್ರ ಅದನ್ನು ಹಿಡಿದಿಡಲು ಆಗುವುದಿಲ್ಲ. ಕಂಪ್ಯೂಟರ್ ಕ್ಷಣ ಕ್ಷಣ ತಿದ್ದುತ್ತಿರಬೇಕು. ಒಂದು ಕೆಟ್ಟರೆ ಇನ್ನೊಂದು ಇರಲಿ ಅಂತ ನಾಲ್ಕು ಸಮಾನಾಂತರ ಚಾನೆಲ್. ಈ ಕೆಲಸಕ್ಕೆ ಅಮೆರಿಕದ ಕಂಪನಿಯ ನೆರವು ಇತ್ತು. 1998ರ ಪೋಖ್ರಾನ್ ಪರೀಕ್ಷೆ ಆದ ಮೇಲೆ ನಿರ್ಬಂಧ ಬಂತು, ನಮ್ಮವರು ಬರಿಗೈಯಲ್ಲಿ ವಾಪಸ್ ಬರಬೇಕಾಯಿತು. ಉಳಿದದ್ದನ್ನು ಬೆಂಗಳೂರಿನಲ್ಲಿ ಎನ್‌ಎಎಲ್ (ರಾಷ್ಟ್ರೀಯ ಏರೋಸ್ಪೇಸ್ ಪ್ರಯೋಗಾಲಯ), ಎಡಿಎ (ತೇಜಸ್ ವಿನ್ಯಾಸದ ಸಂಸ್ಥೆ) ತಂಡಗಳು ತಾವೇ ಕೂತು ಮುಗಿಸಿದವು. 2001ರ ಜನವರಿ 4ರಂದು ವಿಂಗ್ ಕಮಾಂಡರ್ ರಾಜೀವ್ ಕೋಥಿಯಾಲ್ ಹಳೇ ವಿಮಾನ ನಿಲ್ದಾಣದಿಂದ ಮೊದಲ ಸಲ ಅದನ್ನು ಎತ್ತಿದರು. ತಡ ಆಯಿತು ಅಂತ ನಾವು ಎಷ್ಟೇ ಗೊಣಗಿದರೂ, ಆ ಎರಡೂವರೆ ವರ್ಷದ ಕೆಲಸಕ್ಕೆ ನಾನು ಕೈಮುಗಿಯುತ್ತೇನೆ.

ಮಂಜಿನ ಮಡಿಕೇರಿ

ದೇವಯ್ಯ ಅವರ ಬಗ್ಗೆ ಹೊಸ ಎಳೆ ಶುರು ಮಾಡುತ್ತೇನೆ ಸರ್, ಈ ವಾರವೇ. ಕೊನೆಯದಾಗಿ, ಬೆಂಗಳೂರಿಗೆ ಬಂದಾಗ ಮಕ್ಕಳಿಗೆ ಇವುಗಳಲ್ಲಿ ಯಾವುದನ್ನಾದರೂ ಹತ್ತಿರದಿಂದ ತೋರಿಸಬಹುದಾ?

ವಿಮಾನಪುರದವ

ಹಳೇ ಏರ್‌ಪೋರ್ಟ್ ರಸ್ತೆಯಲ್ಲಿ ಎಚ್‌ಎಎಲ್ ಹೆರಿಟೇಜ್ ಮ್ಯೂಸಿಯಂ ಇದೆ. ಅಜೀತ್ ಇದೆ, ಮಾರುತ್ ಇದೆ. ಮಕ್ಕಳನ್ನು ಕರೆದುಕೊಂಡು ಅಲ್ಲಿಗೇ ಹೋಗಿ.

ಅಜೀತ್ ಹತ್ತಿರ ನಿಂತಾಗ ಮೊದಲು ಕಾಕ್‌ಪಿಟ್ ನೋಡಬೇಡಿ, ಎಲ್ಲರೂ ಅದನ್ನೇ ನೋಡುತ್ತಾರೆ. ಬಗ್ಗಿ ರೆಕ್ಕೆಯ ಅಡಿಯ ತಗಡು ನೋಡಿ. ರಿವೆಟ್ ಸಾಲು ಕಾಣುತ್ತದೆ. ಆ ಸಾಲಿನ ಒಳಬದಿಗೆ ನಾನು ಹೇಳಿದ ಸೀಲೆಂಟ್ ಇರುವುದು. ಆಮೇಲೆ ಇನ್‌ಟೇಕ್ ಪಕ್ಕದ ಗನ್ ತೂತು ತೋರಿಸಿ. ಆಮೇಲೆ ಮಾರುತ್ ಹತ್ತಿರ ಹೋಗಿ. ಅಜೀತ್‌ಗೆ ಒಂದು ಆರ್ಫಿಯಸ್, ಮಾರುತ್‌ಗೆ ಅದೇ ಕುಟುಂಬದ ಎರಡು. ಎರಡಕ್ಕೂ ಇಂಜಿನ್ ತಯಾರಾದದ್ದು ಅಲ್ಲಿಂದ ಸ್ವಲ್ಪ ದೂರದ ಶೆಡ್‌ಗಳಲ್ಲೇ. ಬರುವ ಮುಂಚೆ ಇಲ್ಲಿ ಒಂದು ಮಾತು ಹಾಕಿ, ಕಾಲು ನೋವು ಇಲ್ಲದಿದ್ದರೆ ನಾನೂ ಬಂದು ಜೊತೆಗಿದ್ದು ತೋರಿಸುತ್ತೇನೆ.